ಲೋರಿ ಬೆಟ್ಟದ ಅನುಷ್

ಕೆಳಗೆ ಕಾಣ್ತಿದೆಯಲ್ಲ ಆ ಆಳವಾದ ಕಣಿವೆ, ಅಲ್ಲಿ ಹರಿಯೋದು ದೆಬೆದ್ ನದಿ. ನಾವೀಗ ಆರ್ಮೇನಿಯಾದ ಲೋರಿ ಸೀಮೆಯಲ್ಲಿದ್ದೀವಿ, ದ್ಸೆಗ್ ಅನ್ನೋ ಹಳ್ಳಿಯಲ್ಲಿ. ಕವಿ ಹೊವಾನೆಸ್ ತುಮಾನ್ಯಾನ್ 1869ರಲ್ಲಿ ಹುಟ್ಟಿದ ಊರು ಇದು. ನನ್ನನ್ನ ಇಲ್ಲಿಗೆ ಎಳೆದು ತಂದಿದ್ದು ಅವರ 'ಅನುಷ್' ಅನ್ನೋ ಕಥನಕವನ.

ಅನುಷ್ ಹಳ್ಳಿ ಹುಡುಗಿ, ಸಾರೋ ಕುರಿ ಕಾಯೋ ಹುಡುಗ. ಇಬ್ಬರಿಗೂ ಪ್ರೀತಿ. ಅವಳ ಅಣ್ಣ ಮೋಸಿ ಸಾರೋಗೆ ಗೆಳೆಯನೇ. ಎಲ್ಲ ಕೆಟ್ಟಿದ್ದು ಒಂದು ಕುಸ್ತಿಯಿಂದ.

ಚಳಿಗಾಲ, ಮದುವೆ ಮನೆ. ಜನ ಗೆಳೆಯರಿಬ್ಬರನ್ನೂ ಕಣಕ್ಕಿಳಿಸ್ತಾರೆ. ಈ ಬೆಟ್ಟಗಳಲ್ಲೊಂದು ಕಟ್ಟಳೆ: ಊರವರ ಮುಂದೆ ಗೆಳೆಯನನ್ನ ಗೆಳೆಯ ಕೆಡವಬಾರದು. ನೋಡೋರ ಖುಷಿಗೆ ಸೆಣಸಾಡಿ ಬಿಟ್ಟುಬಿಡಬೇಕು. ಸಾರೋನೂ ಹಾಗೇ ಆಡ್ತಿದ್ದ. ಅಷ್ಟರಲ್ಲಿ ಹೆಂಗಸರ ಗುಂಪಲ್ಲಿ ಅನುಷ್ ಕಣ್ಣಿಗೆ ಬಿದ್ದಳು. ಅವನಿಗೆ ಕಟ್ಟಳೆ, ಗೆಳೆತನ ಎರಡೂ ಮರೆತುಹೋಯ್ತು. ಒಂದೇ ಪಟ್ಟಿಗೆ ಮೋಸಿ ಬೆನ್ನು ನೆಲಕ್ಕೆ!

ಜನ ಹೋ ಅಂತ ಕೂಗಿದ್ರು. ಮೋಸಿಗೆ ಸಹಿಸೋಕಾಗಲಿಲ್ಲ. ಮನೆಗೆ ಬಂದು ಕಠಾರಿ ಹಿಡಿದು ತಂಗಿ ಮುಂದೆ ನಿಂತ, ಸಾರೋನ ಮರೀಬೇಕು ಅಂತ. ನನಗೆ ಹೊಟ್ಟೆ ಉರಿಯೋದು ಇಲ್ಲೇ. ನಾಲ್ಕು ಜನರ ಮುಂದೆ ಮರ್ಯಾದೆ ಹೋಗಿದ್ದು ಅಣ್ಣಂದು, ಅದನ್ನ ತೀರಿಸಬೇಕಾಗಿದ್ದು ತಂಗಿ. ಅವಳನ್ನ ಒಂದು ಮಾತು ಕೇಳಿದೋರಿಲ್ಲ.

ಅವಳು ಸಾರೋ ಜೊತೆ ಓಡಿಹೋದಳು. ಮೋಸಿ ಹುಡುಕಿ ಸಾರೋಗೆ ಗುಂಡು ಹೊಡೆದ. ಅನುಷ್‌ಗೆ ಬುದ್ಧಿ ಸ್ಥಿಮಿತ ತಪ್ಪಿತು, ಇದೇ ದೆಬೆದ್‌ಗೆ ಹಾರಿಬಿಟ್ಟಳು.

ಕುಸ್ತಿಗೂ ಮೊದಲೇ ಈ ಕಥೆಯಲ್ಲಿ ಒಂದು ಹಬ್ಬವೂ ಬರುತ್ತೆ, ಹಂಬರ್ತ್ಸುಮ್. ಈಸ್ಟರ್ ಆಗಿ 40ನೇ ದಿನ. ಹುಡುಗೀರು ಏಳು ಚಿಲುಮೆಯ ನೀರು, ಬೆಟ್ಟದ ಹೂವು ತಂದು ಕೊಡದಲ್ಲಿ ಹಾಕ್ತಾರೆ. ಒಬ್ಬೊಬ್ಬಳೂ ತನ್ನದೊಂದು ಗುರುತಿನ ವಸ್ತು ಅದರೊಳಗೆ ಬಿಡ್ತಾಳೆ. ಹಾಡು ಹೇಳ್ತಾ ಒಂದೊಂದೇ ಎತ್ತೋದು. ಯಾರ ವಸ್ತು ಬಂತೋ ಅವಳ ಹಣೆಬರಹ ಆ ಹಾಡು. ಅನುಷ್‌ಗೆ ಬಂದಿದ್ದು, ನಿನ್ನ ನಲ್ಲನಿಗೆ ಗುಂಡು ತಗಲುತ್ತೆ ಅನ್ನೋ ಸಾಲು. ಗೆಳತಿಯರು ಎಷ್ಟು ಸಮಾಧಾನ ಮಾಡಿದ್ರೂ ಅವಳ ಎದೆಯ ಅಳುಕು ಹೋಗಲಿಲ್ಲ.

ಅರ್ಮೆನ್ ತಿಗ್ರಾನ್ಯಾನ್ ಇದನ್ನ ಒಪೆರಾ ಮಾಡಿದ್ರು. ಮೊದಲ ಪ್ರದರ್ಶನ 1912ರಲ್ಲಿ, ಇವತ್ತಿನ ಗ್ಯುಮ್ರಿ ಊರಲ್ಲಿ.

ಮನೆ ಮರ್ಯಾದೆನ ಹೆಣ್ಣಿನ ತಲೆಗೆ ಕಟ್ಟೋದು ಹಳೇ ಕಾಲದ್ದು ಅಂದ್ಕೋಬೇಡಿ. ಮದುವೆ ಆದಮೇಲೆ ಗಂಡಿನ ಕಡೆಯೋರು ಹೆಣ್ಣಿನ ಮನೆಗೆ ಕೆಂಪು ಸೇಬು ಕಳಿಸೋ ಪದ್ಧತಿ ಈ ದೇಶದಲ್ಲಿ ಪೂರ್ತಿ ಹೋಗಿಲ್ಲ. ಮದುಮಗಳು ಕನ್ಯೆಯಾಗಿದ್ದಳು ಅಂತ ಊರಿಗೆ ಸಾರೋದು ಅದು. ಇದು ನಿಲ್ಲಲಿ ಅಂತ ಇಲ್ಲಿನ ಹೆಣ್ಮಕ್ಕಳೇ ಬೀದಿಗಿಳಿದಿದ್ದಾರೆ. ನಾನು ಅವರ ಕಡೆ.