ಗಂಟಿನಲ್ಲಿಟ್ಟ ಲೆಕ್ಕ

ಕೇಳುಗರೆಲ್ಲರಿಗೂ ನಮಸ್ಕಾರ.

ದಕ್ಷಿಣ ಅಮೆರಿಕದ ಹಳೆಯ ಇಂಕಾ ಸಾಮ್ರಾಜ್ಯ ಅಂದ ಕೂಡಲೇ ಎಲ್ಲರೂ ನನ್ನನ್ನು ಕೇಳುವುದು ಚಿನ್ನದ ಕತೆ. 1532ರ ನವೆಂಬರಿನಲ್ಲಿ ಪೆರುವಿನ ಕಾಹಮಾರ್ಕಾದಲ್ಲಿ ಸ್ಪೇನಿನ ದಂಡನಾಯಕ ಪಿಸಾರೋ 168 ಜನರನ್ನು ಕಟ್ಟಿಕೊಂಡು ಬಂದು ಇಂಕಾ ದೊರೆ ಅತಹುವಾಲ್ಪನನ್ನು ಸೆರೆ ಹಿಡಿದ. ಬಿಡುಗಡೆಗೆಂದು ದೊರೆ ಕೋಣೆ ತುಂಬ ಚಿನ್ನ ತರಿಸಿಕೊಟ್ಟ. ಆದರೂ ಮರುವರ್ಷ ಅವನ ಕತ್ತು ಹಿಸುಕಿ ಕೊಂದರು. ಆಯಿತು, ಇದು ಎಲ್ಲ ಪುಸ್ತಕದಲ್ಲೂ ಇದೆ. ನಾನು ಕೇಳುವುದು ಬೇರೆ. ಆ 168 ಜನರ ಹೊಟ್ಟೆ ತುಂಬಿಸಿದವರು ಯಾರು? ಅವರ ಸಾಮಾನು ಹೊತ್ತವರು ಯಾರು?

ಅಲ್ಲಿನ ಜನವೇ. ಅದಕ್ಕೆ ಲೆಕ್ಕವೂ ಇದೆ.

ಲೆಕ್ಕ ಇಟ್ಟದ್ದು ಖಿಪುವಿನಲ್ಲಿ. ಒಂದು ಮುಖ್ಯ ದಾರ, ಅದರಿಂದ ಇಳಿಬಿಟ್ಟ ಹತ್ತಾರು ಎಳೆಗಳು, ಎಳೆಗಳ ತುಂಬ ಗಂಟು. ತುದಿಯ ಹತ್ತಿರದ ಗಂಟು ಬಿಡಿಸ್ಥಾನ, ಅದರ ಮೇಲಿನದು ಹತ್ತು, ಇನ್ನೂ ಮೇಲಿನದು ನೂರು. ಗಂಟಿಲ್ಲದ ಜಾಗ ಸೊನ್ನೆ.

ಈಗ ಹೌಹಾ ಕಣಿವೆಯ ವಾಂಕಾ ಜನರ ವಿಷಯ ಹೇಳಲೇಬೇಕು. ಇವರನ್ನು ಹಿಂದೆ ಇಂಕಾಗಳು ಗೆದ್ದು ಆಳುತ್ತಿದ್ದರು. ಆ ಸಿಟ್ಟಿಗೆ ಸ್ಪೇನಿನವರ ಪಕ್ಷ ಸೇರಿದರು. ಉಗ್ರಾಣ ತೆರೆದು ಮೆಕ್ಕೆಜೋಳ, ಆಲೂಗೆಡ್ಡೆ, ಲಾಮಾ ಎಂಬ ಹೊರೆ ಹೊರುವ ಪ್ರಾಣಿ, ಕಂಬಳಿ, ಚಪ್ಪಲಿ, ಸೌದೆ, ಹುಲ್ಲು ಎಲ್ಲ ಕೊಟ್ಟರು. ಹೊರೆಯಾಳುಗಳನ್ನೂ ಕೊಟ್ಟರು, ಅವರಲ್ಲಿ ಎಷ್ಟೋ ಜನ ತಿರುಗಿ ಬರಲಿಲ್ಲ. ಕೊಟ್ಟದ್ದಕ್ಕೆಲ್ಲ ಗಂಟು ಹಾಕುತ್ತಾ ಹೋದರು. ಇನ್ನೊಂದು ಕೇಳಿ: ತಾವಾಗಿ ಕೊಟ್ಟದ್ದು ಬೇರೆ, ಸ್ಪೇನಿನವರು ದೋಚಿಕೊಂಡದ್ದು ಬೇರೆ, ಹೀಗೆ ಎರಡು ಲೆಕ್ಕ! ಇದನ್ನು ಮೊದಲ ಸಲ ಓದಿದಾಗ ನಾನು ಒಬ್ಬನೇ ಕೂತು ನಕ್ಕುಬಿಟ್ಟೆ. ಸುಮಾರು ಮೂವತ್ತು ವರ್ಷ ಆದ ಮೇಲೆ, 1561ರಲ್ಲಿ, ಇವರ ಮುಖಂಡರು ಆ ದಾರಗಳನ್ನು ಹಿಡಿದುಕೊಂಡು, ಕೊಟ್ಟದ್ದಕ್ಕೆ ಪ್ರತಿಫಲ ಕೇಳಲು ಲಿಮಾದ ಸ್ಪೇನಿನ ನ್ಯಾಯಾಲಯಕ್ಕೆ ಹೋದರು. ಗಂಟು ಗಂಟನ್ನೇ ಓದಿ ಹೇಳಿದರು. ದುಭಾಷಿ ತಿಳಿಸಿದ್ದನ್ನು ಸ್ಪೇನಿನ ಗುಮಾಸ್ತ ಕಾಗದಕ್ಕೆ ಇಳಿಸಿಕೊಂಡ. ಫೆಲಿಪೆ ಗ್ವಾಕ್ರಪೌಕರ್ ಎಂಬಾತ ಇದೇ ವಾದ ಹಿಡಿದು ಸಮುದ್ರ ದಾಟಿ ಸ್ಪೇನಿನ ಅರಮನೆಯವರೆಗೂ ಹೋದ. ದೊರೆ ಅವನಿಗೊಂದು ವಂಶಲಾಂಛನ ದಯಪಾಲಿಸಿದ. ಲಾಮಾಗಳ ಸಾಲ ಲಾಂಛನದಿಂದ ತೀರುತ್ತದೆಯೇ?

ನಿರೂಪಕರು ಆಗಲೇ ಗಡಿಯಾರ ತೋರಿಸುತ್ತಿದ್ದಾರೆ, ಬೇಗ ಹೇಳುತ್ತೇನೆ. 1570ರ ದಶಕದಲ್ಲಿ ಟೊಲೆಡೊ ಎಂಬ ಸ್ಪೇನಿನ ವೈಸರಾಯ್ ಚದುರಿದ ಹಳ್ಳಿಗಳನ್ನು ಖಾಲಿ ಮಾಡಿಸಿ ಜನರನ್ನು ಹೊಸ ಊರುಗಳಿಗೆ ಒಟ್ಟುಮಾಡಿದ. ಎಣಿಸುವುದು ಸುಲಭ, ಕಂದಾಯ ಎತ್ತುವುದು ಸುಲಭ. ಅವನೇ ಮೀತಾ ಎಂಬ ಕಡ್ಡಾಯ ದುಡಿಮೆಯ ಪದ್ಧತಿ ಗಟ್ಟಿಮಾಡಿದ. ಗೊತ್ತುಮಾಡಿದ ಸೀಮೆಗಳಿಂದ ಏಳು ಗಂಡಸರಲ್ಲಿ ಒಬ್ಬ, ಈಗಿನ ಬೊಲಿವಿಯಾದಲ್ಲಿರುವ ಪೊಟೋಸಿಯ ಬೆಳ್ಳಿ ಗಣಿಗೆ ಒಂದು ವರ್ಷ ದುಡಿಯಲು ಹೋಗಬೇಕು. ಇಲ್ಲೂ ಅದೇ ಮಾತು ಬಂತು ನೋಡಿ: ಬೆಳ್ಳಿ ಸ್ಪೇನಿನದು, ಹೆಗಲು ಯಾರದು?

1583ರಲ್ಲಿ ಲಿಮಾದ ಪಾದ್ರಿಗಳ ಸಭೆ, ಹಳೆಯ ದೇವರುಗಳ ನೆನಪು ಉಳಿಸುತ್ತವೆಂದು ಖಿಪುಗಳನ್ನೇ ಕಸಿದುಕೊಳ್ಳಲು ಹೇಳಿತು. ಮೀತಾ ಮಾತ್ರ ಕಾಯಿದೆಯ ಪ್ರಕಾರ ರದ್ದಾಗಲು 1812 ಆಗಬೇಕಾಯಿತು. ನಮಸ್ಕಾರ.