ಹಡಗಿನ ತೋಪು ಎಷ್ಟು ದೂರ ಹೊಡೀತಿತ್ತು?

ಕೇಳುಗರಿಗೆಲ್ಲ ನಮಸ್ಕಾರ. ಇವತ್ತು ಯುದ್ಧನೌಕೆಗಳ ದೊಡ್ಡ ತೋಪುಗಳ ಬಗ್ಗೆ ಸ್ವಲ್ಪ ಮಾತಾಡೋಣ. ಈ ವಿಷಯ ಎತ್ತಿದ್ರೆ ಸಾಕು, ಎಲ್ಲರೂ ಕೇಳೋದು ಒಂದೇ ಪ್ರಶ್ನೆ, ಗುಂಡು ಎಷ್ಟು ದೂರ ಹೋಗುತ್ತೆ ಅಂತ. ಉತ್ತರ ಬೇಕಾದ್ರೆ ಈಗಲೇ ಹೇಳಿಬಿಡ್ತೀನಿ, ಜಪಾನಿನ ಯಮಾಟೊ ಹಡಗಿನ ತೋಪು ಸುಮಾರು 42 ಕಿಲೋಮೀಟರ್, ಅಮೆರಿಕದ ಅಯೋವಾದ್ದು ಸುಮಾರು 38. ಆದ್ರೆ ಈ ಅಂಕಿಗಳನ್ನ ನೋಡಿ ಹೌಹಾರೋದಕ್ಕೆ ಮುಂಚೆ ಒಂದು ಮಾತು ತಲೇಲಿಟ್ಕೊಳ್ಳಿ, ಗುಂಡು ಹೋಗೋ ದೂರ ಬೇರೆ, ಗುಂಡು ತಾಗೋ ದೂರ ಬೇರೆ. ಇನ್ನೂರು ವರ್ಷ ನೌಕಾಪಡೆಗಳು ತಲೆ ಕೆಡಿಸ್ಕೊಂಡಿದ್ದು ಈ ಎರಡರ ನಡುವಿನ ಅಂತರ ಕಮ್ಮಿ ಮಾಡೋಕೆ.

1805ರಲ್ಲಿ ಬ್ರಿಟಿಷರಿಗೂ ಫ್ರಾನ್ಸ್, ಸ್ಪೇನ್ ದೇಶದವರಿಗೂ ನಡೆದ ಟ್ರಫಾಲ್ಗರ್ ಕದನಾನೇ ತಗೊಳ್ಳಿ. ಬ್ರಿಟಿಷ್ ನೌಕಾಪಡೆಯ ಮುಖಂಡ ನೆಲ್ಸನ್ ಇದ್ದ ವಿಕ್ಟರಿ ಹಡಗಲ್ಲಿ 104 ತೋಪು ಇದ್ವು, ಅದ್ರಲ್ಲಿ ದೊಡ್ಡವು 32 ಪೌಂಡ್ ತೂಕದ, ಅಂದ್ರೆ ಸುಮಾರು ಹದಿನಾಲ್ಕೂವರೆ ಕಿಲೋ ತೂಕದ ಗಟ್ಟಿ ಕಬ್ಬಿಣದ ಉಂಡೆ ಹಾರಿಸ್ತಿದ್ವು. ಬಾಯಿ ಮೇಲೆತ್ತಿ ಹೊಡೆದ್ರೆ ಎರಡು ಕಿಲೋಮೀಟರ್ ಆಚೆಗೂ ಉಂಡೆ ಹೋಗ್ತಿತ್ತು, ಹೋಗಿ ಎಲ್ಲಿ ಬೀಳುತ್ತೆ ಅನ್ನೋದು ಮಾತ್ರ ಯಾರ ಕೈಲೂ ಇರ್ಲಿಲ್ಲ. ಹಂಗಾಗಿ ಕೆಲವು ನೂರು ಮೀಟರ್ ಹತ್ರ ಬರೋವರೆಗೂ ಕಾಯ್ತಿದ್ರು, ಆಮೇಲೆ ಹಡಗಿಗೆ ಹಡಗು ಅಂಟ್ಕೊಂಡೇ ಹೊಡೆದಾಟ. ಎಷ್ಟು ಹತ್ರ ಅಂದ್ರೆ ನೆಲ್ಸನ್‌ನನ್ನ ಕೊಂದಿದ್ದು ತೋಪಲ್ಲ, ಪಕ್ಕಕ್ಕೆ ತಗಲಿಕೊಂಡಿದ್ದ ಫ್ರೆಂಚ್ ಹಡಗಿನ ಕಂಬದ ಮೇಲೆ ಕೂತಿದ್ದವನೊಬ್ಬ ಕೋವಿಯಿಂದ ಹೊಡೆದ ಗುಂಡು.

ಅಲ್ಲಿಂದ ಮುಂದೆ ಬದಲಾವಣೆ ಶುರುವಾಗಿದ್ದು ಗುಂಡಿನಿಂದ. ಗಟ್ಟಿ ಉಂಡೆ ಬದಲು ಒಳಗೆ ಮದ್ದು ತುಂಬಿದ, ಹೋಗಿ ಸಿಡಿಯೋ ಶೆಲ್ ಹಾರಿಸೋ ತೋಪನ್ನ ಫ್ರಾನ್ಸಿನ ಪೆಕ್ಸಾನ್ ಅನ್ನೋ ಅಧಿಕಾರಿ 1820ರ ದಶಕದಲ್ಲಿ ತಂದ. 1853ರಲ್ಲಿ ಸಿನೋಪ್ ಬಂದರಲ್ಲಿ ರಷ್ಯಾದವರು ಇಂಥ ಶೆಲ್ ಹೊಡೆದು ಟರ್ಕಿಯ ಮರದ ಹಡಗುಗಳನ್ನ ಸುಟ್ಟು ಹಾಕಿದ್ರಲ್ಲ, ಮರದ ಹಡಗಿನ ಕಾಲ ಮುಗೀತು ಅಂತ ಎಲ್ಲರಿಗೂ ಗೊತ್ತಾಗಿದ್ದು ಆವಾಗ. ಹಡಗಿಗೆ ಕಬ್ಬಿಣದ ಕವಚ ಬಂತು. ಕವಚ ಬಂದಿದ್ದಕ್ಕೆ ತೋಪು ದೊಡ್ಡದಾಯ್ತು, ತೋಪು ದೊಡ್ಡದಾಗಿದ್ದಕ್ಕೆ ಕವಚ ಇನ್ನೂ ದಪ್ಪ ಆಯ್ತು. 1862ರಲ್ಲಿ ಅಮೆರಿಕದ ಅಂತರ್ಯುದ್ಧದಲ್ಲಿ ಮಾನಿಟರ್ ಮತ್ತೆ ವರ್ಜೀನಿಯಾ ಅನ್ನೋ ಎರಡು ಕವಚದ ಹಡಗುಗಳು ಗಂಟೆಗಟ್ಲೆ ಬಡಿದಾಡ್ಕೊಂಡ್ವು, ಒಂದನ್ನೊಂದು ಮುಳುಗಿಸೋಕೆ ಆಗ್ಲೇ ಇಲ್ಲ. ಮಾನಿಟರ್‌ನಲ್ಲಿ ಇದ್ದಿದ್ದು ಎರಡೇ ತೋಪು, 11 ಇಂಚಿನವು, ಅಂದ್ರೆ ಬ್ಯಾರೆಲ್ ಬಾಯಿ ಅಷ್ಟು ಅಗಲ, ಆದ್ರೆ ಟರೆಟ್ ಅನ್ನೋ, ಸುತ್ತಲೂ ತಿರುಗೋ ಕವಚದ ಗೂಡಿನ ಒಳಗೆ. ನೂರು ತೋಪು ಸಾಲಾಗಿ ನಿಲ್ಸೋ ಬದಲು ಕೆಲವೇ ದೊಡ್ಡ ತೋಪು, ಯಾವ ದಿಕ್ಕಿಗೆ ಬೇಕಾದ್ರೂ ತಿರುಗಿಸ್ಕೋಬಹುದು.

ಈಗ ಬಾಯಿಂದ ತುಂಬೋದಾ ಹಿಂದಿನಿಂದ ತುಂಬೋದಾ ಅನ್ನೋ ಜಗಳ. ಹಿಂದಿನಿಂದ ತುಂಬೋ ಆರ್ಮ್‌ಸ್ಟ್ರಾಂಗ್ ತೋಪುಗಳನ್ನ ಬ್ರಿಟಿಷ್ ನೌಕಾಪಡೆ ತಗೊಂಡಿತ್ತು, ಹಿಂಬಾಗಿಲು ಸರಿಯಾಗಿ ನಿಲ್ಲದೆ ತೊಂದರೆ ಆಗಿ ಬಾಯಿಂದ ತುಂಬೋ ಹಳೇ ಪದ್ಧತಿಗೇ ವಾಪಸ್ ಹೋಯ್ತು. 1879ರ ಜನವರೀಲಿ ಥಂಡರರ್ ಅನ್ನೋ ಹಡಗಲ್ಲಿ ಏನಾಯ್ತು ಅಂದ್ರೆ, ಒಂದು ಟರೆಟ್‌ನ ಎರಡು 12 ಇಂಚಿನ ತೋಪನ್ನ ಒಟ್ಟಿಗೆ ಹಾರಿಸಿದ್ರು, ಒಂದು ಹಾರಲೇ ಇಲ್ಲ, ಪಕ್ಕದ್ದರ ಸದ್ದು ಹೊಗೆ ನಡುವೆ ಅದು ಯಾರಿಗೂ ಗೊತ್ತಾಗ್ಲಿಲ್ಲ, ಯಂತ್ರ ಬೇರೆ ತುಂಬೋದು ಅಲ್ವಾ, ಕೈಗೆ ಅಂದಾಜು ಸಿಗಲ್ಲ, ಅದೇ ತೋಪಿಗೆ ಇನ್ನೊಂದು ಸಲ ಮದ್ದು ಗುಂಡು ತುಂಬಿ ಹಚ್ಚಿದ್ರು. ಬ್ಯಾರೆಲ್ ಸಿಡಿದು 11 ಜನ ಸತ್ತರು. ಹಿಂದಿನಿಂದ ತುಂಬೋ ತೋಪಾಗಿದ್ರೆ ಹಿಂಬಾಗಿಲು ತೆಗೆದ ಕೂಡ್ಲೇ ಹಳೇ ಗುಂಡು ಕಣ್ಣಿಗೆ ಬೀಳ್ತಿತ್ತು. ಅಷ್ಟೊತ್ತಿಗೆ ಫ್ರಾನ್ಸಿನವರು ಹಿಂಬಾಗಿಲಿಂದ ಗ್ಯಾಸ್ ಸೋರದ ಹಾಗೆ ಒಳ್ಳೇ ಸೀಲ್ ಕಂಡುಹಿಡಿದಿದ್ರು, ಬ್ರಿಟಿಷರೂ ಕೊನೆಗೆ ದಾರಿಗೆ ಬಂದ್ರು.

ಆದ್ರೆ ದೂರ ನಿಜವಾಗ್ಲೂ ಜಾಸ್ತಿ ಆಗಿದ್ದು ಮದ್ದು ಬದಲಾದ್ಮೇಲೆ, ಇದನ್ನ ಜನ ಗಮನಿಸೋದೇ ಇಲ್ಲ. ಹಳೇ ಕರಿಮದ್ದು ಭಗ್ ಅಂತ ಒಂದೇ ಏಟಿಗೆ ಉರಿದು ಹೋಗುತ್ತೆ, ಗುಂಡಿಗೆ ಶುರುವಲ್ಲಿ ಒಂದು ಒದೆ ಕೊಟ್ಟು ಅಲ್ಲಿಗೆ ಮುಗೀತು. ಬ್ಯಾರೆಲ್ ಎಷ್ಟೇ ಉದ್ದ ಮಾಡಿದ್ರೂ ದಂಡ, ಅದಕ್ಕೇ ಹಳೇ ತೋಪುಗಳು ಮೋಟಾಗಿ ದಪ್ಪಗಿರ್ತಿದ್ವು. 1884ರಲ್ಲಿ ಫ್ರಾನ್ಸಿನ ವಿಯೆಯ್ ಹೊಗೆ ಇಲ್ಲದ ಮದ್ದು ಮಾಡಿದ, 1889ರ ಸುಮಾರಿಗೆ ಬ್ರಿಟನ್ನಿನಲ್ಲಿ ಕಾರ್ಡೈಟ್ ಬಂತು. ಇವು ನಿಧಾನಕ್ಕೆ ಉರಿದು ಗುಂಡು ಬ್ಯಾರೆಲ್ ಉದ್ದಕ್ಕೂ ಹೋಗೋವಾಗ ಹಿಂದಿನಿಂದ ತಳ್ತಾನೇ ಇರ್ತವೆ. ಹಂಗಾಗಿ ಬ್ಯಾರೆಲ್ ಉದ್ದ ಮಾಡಿದಷ್ಟೂ ವೇಗ. ಒಳಗಡೆ ಸುರುಳಿ ಗೀರುಗಳು, ಗುಂಡು ಗಿರಗಿರ ತಿರುಗಿಕೊಂಡು ಮೂತಿ ಮುಂದೆ ಮಾಡ್ಕೊಂಡೇ ಹೋಗುತ್ತೆ. ಮದ್ದಿನ ಹೊಗೆ ಮುಸುಕದೇ ಇರೋದ್ರಿಂದ ಹೊಡೆದವನಿಗೆ ತಾನು ಹೊಡೆದಿದ್ದು ಕಾಣ್ಸುತ್ತೆ ಅನ್ನೋದು ಇನ್ನೊಂದು ಲಾಭ.

ತೋಪು ಇಷ್ಟೆಲ್ಲ ಸುಧಾರಿಸ್ತು, ಗುರಿ ಮಾತ್ರ ಇದ್ದಲ್ಲೇ ಇತ್ತು! 1898ರಲ್ಲಿ ಕ್ಯೂಬಾದ ಸ್ಯಾಂಟಿಯಾಗೊ ಹತ್ರ ಅಮೆರಿಕದ ಹಡಗುಗಳು ಸ್ಪೇನಿನ ಹಡಗುಗಳ ಮೇಲೆ ಒಂಬತ್ತು ಸಾವಿರಕ್ಕೂ ಜಾಸ್ತಿ ಗುಂಡು ಹಾರಿಸಿದ್ವು, ತಾಗಿದ್ದು 120ರ ಆಸುಪಾಸು. ಗೆದ್ದವರ ಲೆಕ್ಕ ಇದು. ಕಾರಣ ಸಿಂಪಲ್, ಹಡಗು ಅಲೆ ಮೇಲೆ ಆ ಕಡೆ ಈ ಕಡೆ ಹೊರಳ್ತಾ ಇರುತ್ತೆ, ಗುರಿ ಎದುರಿಗೆ ಬಂದಾಗ ಹಾರಿಸ್ಬೇಕು ಅಂತ ಕಾದು ಕೂತ್ರೆ ಬೆರಳು ಒತ್ತೋ ಅಷ್ಟರಲ್ಲಿ ಅದು ದಾಟಿ ಹೋಗಿರುತ್ತೆ. ಬ್ರಿಟಿಷ್ ನೌಕಾಪಡೆಯ ಪರ್ಸಿ ಸ್ಕಾಟ್ ಅನ್ನೋ ಕ್ಯಾಪ್ಟನ್ ಕಾಯೋದನ್ನ ಬಿಡಿ ಅಂದ. ಹಡಗು ಹೊರಳಿದ ಹಾಗೆಲ್ಲ ಚಕ್ರ ತಿರುಗಿಸ್ತಾ ತೋಪಿನ ಮೂತೀನ ಗುರಿ ಮೇಲೇ ಇಟ್ಕೊಳ್ಳಿ, ಅದಕ್ಕೆ ತಕ್ಕ ಹಾಗೆ ಗೇರು ಬದಲಾಯಿಸ್ತೀನಿ, ದುರ್ಬೀನು ಕೂರಿಸ್ತೀನಿ, ದಿನಾ ಪ್ರಾಕ್ಟೀಸ್ ಮಾಡಿ ಅಂದ. 1899ರಲ್ಲಿ ಅವನ ಸಿಲ್ಲಾ ಹಡಗು ಗುರಿ ಪರೀಕ್ಷೇಲಿ ನೂರಕ್ಕೆ 80 ಹೊಡೀತು. ಮೇಲಿನವರಿಗೆ ಮೊದಮೊದಲು ನಂಬಿಕೆನೇ ಬರ್ಲಿಲ್ಲ. ನನ್ನ ಕೇಳಿದ್ರೆ ಈ ಇಡೀ ಕಥೇಲಿ ತೋಪು ಎರಕ ಹೊಯ್ದವರಿಗಿಂತ ಈ ಮನುಷ್ಯನೇ ದೊಡ್ಡವನು, ಸ್ವಲ್ಪ ಜಗಳಗಂಟ ಆಗಿದ್ರೂ.

ಆದ್ರೆ ಆ 80 ಅನ್ನೋದು ಹತ್ತಿರದ, ಗೊತ್ತಿರೋ ದೂರದ ಗುರಿ. 1905ರ ತ್ಸುಶಿಮಾ ಕದನದಲ್ಲಿ ಜಪಾನಿನವರು ರಷ್ಯಾದ ಹಡಗುಗಳ ಮೇಲೆ ಆರೇಳು ಕಿಲೋಮೀಟರ್ ದೂರದಿಂದ ಹೊಡೆಯೋಕೆ ಶುರು ಮಾಡಿದ್ರು, ಅಷ್ಟು ದೂರಕ್ಕೆ ಬರೀ ಕಣ್ಣು ನೆಟ್ಟು ಹೊಡೆಯೋಕಾಗಲ್ಲ. ಒಟ್ಟಿಗೆ ಒಂದು ಸುತ್ತು ಹಾರಿಸ್ಬೇಕು, ನೀರು ಎಲ್ಲಿ ಚಿಮ್ತು ನೋಡ್ಬೇಕು, ಮುಂದೆ ಬಿತ್ತಾ ಹಿಂದೆ ಬಿತ್ತಾ ಅಂತ ಸರಿ ಮಾಡ್ಕೋಬೇಕು. ಇಲ್ಲಿ ಒಂದು ತಾಪತ್ರಯ, ಹಡಗಲ್ಲಿ 12 ಇಂಚು, 8 ಇಂಚು, 6 ಇಂಚು ಅಂತ ಹತ್ತು ಥರದ ತೋಪು ಇದ್ರೆ ಯಾವ ನೀರು ಯಾರದ್ದು ಅಂತ ಗೊತ್ತಾಗೋದು ಹೇಗೆ? 1906ರಲ್ಲಿ ಬಂದ ಡ್ರೆಡ್‌ನಾಟ್‌ನಲ್ಲಿ ಹತ್ತು ದೊಡ್ಡ ತೋಪು, ಹತ್ತೂ 12 ಇಂಚಿನವೇ. ದೊಡ್ಡ ತೋಪು ಅಂದ್ರೆ ದೊಡ್ಡ ಹೊಡೆತ ಅನ್ನೋದು ಒಂದು ಕಡೆ ಆಯ್ತು, ನೀರು ಚಿಮ್ಮೋದನ್ನ ಓದೋಕೆ ಸುಲಭ ಅನ್ನೋದು ಅದಕ್ಕಿಂತ ಕಮ್ಮಿ ಕಾರಣ ಏನಲ್ಲ.

ಈಗ ಲೆಕ್ಕ ನೋಡಿ. ಅಯೋವಾದ 16 ಇಂಚಿನ ತೋಪಿನಿಂದ ಗುಂಡು ಹೊರಡೋ ವೇಗ ಸೆಕೆಂಡಿಗೆ 762 ಮೀಟರ್. ಗಾಳಿನೇ ಇಲ್ದಿದ್ರೆ 59 ಕಿಲೋಮೀಟರ್ ಹೋಗ್ಬೇಕು, ಗಾಳಿ ತಡೆದು 38ಕ್ಕೆ ಇಳಿಸುತ್ತೆ. ದೊಡ್ಡ ಗುಂಡು ದೂರ ಹೋಗೋದಕ್ಕೆ ಕಾರಣಾನೂ ಇಲ್ಲೇ ಇದೆ, ಸೈಜು ಎರಡರಷ್ಟಾದ್ರೆ ತೂಕ ಎಂಟು ಪಟ್ಟು, ಗಾಳಿಗೆ ಒಡ್ಡೋ ಮೈ ನಾಲ್ಕೇ ಪಟ್ಟು, ಹಂಗಾಗಿ ವೇಗ ಬೇಗ ಕಳ್ಕೊಳ್ಳಲ್ಲ. ಆ 38 ಕಿಲೋಮೀಟರ್ ದಾಟೋಕೆ ಗುಂಡಿಗೆ ಹತ್ರ ಹತ್ರ ಒಂದೂವರೆ ನಿಮಿಷ ಬೇಕು, ಅಷ್ಟರಲ್ಲಿ 30 ನಾಟ್, ಅಂದ್ರೆ ಗಂಟೆಗೆ ಸುಮಾರು 55 ಕಿಲೋಮೀಟರ್ ವೇಗದ ಶತ್ರು ಹಡಗು ಸುಮಾರು 1400 ಮೀಟರ್ ಮುಂದೆ ಹೋಗಿರುತ್ತೆ. ಅಂದ್ರೆ ಈಗಿರೋ ಜಾಗಕ್ಕಲ್ಲ, ಒಂದೂವರೆ ನಿಮಿಷ ಆದ್ಮೇಲೆ ಇರೋ ಜಾಗಕ್ಕೆ ಹೊಡೀಬೇಕು. ಅದರ ಮೇಲೆ ಗಾಳಿ, ಮದ್ದಿನ ಬಿಸಿ, ಬ್ಯಾರೆಲ್ ಎಷ್ಟು ಸವೆದಿದೆ ಅನ್ನೋದು, ಭೂಮಿ ತಿರುಗೋದು ಕೂಡ. ಇದನ್ನ ಕೈಲಿ ಲೆಕ್ಕ ಹಾಕ್ತಾ ಕೂತ್ರೆ ಮುಗೀತು ಕಥೆ, ಅದಕ್ಕೇ ಹಡಗಿನ ಹೊಟ್ಟೇಲಿ ಹಲ್ಲು ಚಕ್ರಗಳ ಲೆಕ್ಕದ ಯಂತ್ರಗಳು ಬಂದ್ವು, ಬ್ರಿಟಿಷರ ಡ್ರೇಯರ್ ಟೇಬಲ್ ಅಂಥದ್ದೇ ಒಂದು, ಎಲೆಕ್ಟ್ರಾನಿಕ್ ಕಂಪ್ಯೂಟರ್ ಹುಟ್ಟೋಕೆ ಎಷ್ಟೋ ವರ್ಷ ಮುಂಚೆ.

ಇಷ್ಟೆಲ್ಲ ಇದ್ರೂ 1916ರಲ್ಲಿ ಬ್ರಿಟಿಷರಿಗೂ ಜರ್ಮನ್ನರಿಗೂ ನಡೆದ ಜಟ್‌ಲ್ಯಾಂಡ್ ಕದನದಲ್ಲಿ ಎರಡೂ ಕಡೆ ಸೇರಿ ದೊಡ್ಡ ಗುಂಡುಗಳಲ್ಲಿ ತಾಗಿದ್ದು ನೂರಕ್ಕೆ ಮೂರರ ಲೆಕ್ಕ. ಆ ಮೂರು ಸಾಕಾಯ್ತು, ಬ್ರಿಟಿಷರ ಮೂರು ಬ್ಯಾಟಲ್ ಕ್ರೂಸರ್‌ಗಳು, ಅಂದ್ರೆ ತೋಪು ದೊಡ್ಡದು, ವೇಗ ಜಾಸ್ತಿ, ಕವಚ ಮಾತ್ರ ತೆಳು ಇರೋ ಹಡಗುಗಳು, ಒಂದೇ ದಿನ ಸಿಡಿದು ಹೋದ್ವು. ಮದ್ದು ಬೇಗ ಬೇಗ ಮೇಲೆ ಕಳಿಸೋಕೆ ಅಂತ ಬೆಂಕಿ ತಡೆಯೋ ಬಾಗಿಲುಗಳನ್ನ ತೆರೆದಿಟ್ಟಿದ್ದು, ಮದ್ದಿನ ಚೀಲ ದಾರಿಯಲ್ಲೆಲ್ಲ ಪೇರಿಸಿದ್ದು ಮುಖ್ಯ ಕಾರಣ ಅಂತಾರೆ. ದೂರ ಜಾಸ್ತಿ ಆದ್ರೆ ಇನ್ನೊಂದು ಅಪಾಯ, ಗುಂಡು ಪಕ್ಕದಿಂದ ಬರೋ ಬದಲು ಮೇಲಿಂದ ಡೆಕ್ ಮೇಲೆ ಬೀಳುತ್ತೆ, ದಪ್ಪ ಕವಚ ಇರೋದು ಪಕ್ಕದಲ್ಲಿ.

ಒಂದು ಟರೆಟ್ ಒಳಗೆ ಏನು ನಡೀತಿತ್ತು ಅಂತ ಹತ್ತಿರದಿಂದ ನೋಡೋಣ, ಅಯೋವಾದ್ದೇ ಆಗ್ಲಿ. ಹೊರಗಡೆ ಕಾಣೋ ಮೂರು ಬ್ಯಾರೆಲ್ ಮತ್ತೆ ಉಕ್ಕಿನ ಪೆಟ್ಟಿಗೆ ಬರೀ ತಲೆ, ಅದರ ದೇಹ ಹಲವು ಅಂತಸ್ತು ಕೆಳಗೆ ಇಳಿಯುತ್ತೆ, ಎಪ್ಪತ್ತು ಎಂಬತ್ತು ಜನ ಅದ್ರೊಳಗೇ ಕೆಲಸ ಮಾಡ್ತಿರ್ತಾರೆ. ಗುಂಡು ಒಂದೊಂದು 1225 ಕಿಲೋ, ಕೆಳಗೆ ನಿಲ್ಲಿಸಿಟ್ಟಿರ್ತಾರೆ. ಬ್ಯಾರೆಲ್ಲನ್ನ 5 ಡಿಗ್ರಿಗೆ ಇಳಿಸ್ತಾರೆ, ಹಿಂಬಾಗಿಲು ತೆರೆಯುತ್ತೆ, ಗುಂಡು ಲಿಫ್ಟಲ್ಲಿ ಮೇಲೆ ಬಂದು ತೊಟ್ಟಿಲಿಗೆ ಮಲಗುತ್ತೆ, ಯಂತ್ರದ ಕೈ ಅದನ್ನ ದಡ್ ಅಂತ ಒಳಕ್ಕೆ ನೂಕುತ್ತೆ. ಆಮೇಲೆ ಮದ್ದು, ರೇಷ್ಮೆ ಚೀಲಗಳಲ್ಲಿ, ಒಂದೊಂದು ಸುಮಾರು 50 ಕಿಲೋ, ಮೂರು ಒಂದು ಸಲ ಇನ್ನು ಮೂರು ಇನ್ನೊಂದು ಸಲ, ಇವನ್ನ ಮೆತ್ತಗೆ ನೂಕ್ಬೇಕು. ರೇಷ್ಮೆನೇ ಯಾಕೆ ಅಂದ್ರೆ ಅದು ಪೂರ್ತಿ ಉರಿದು ಹೋಗುತ್ತೆ, ಕೆಂಡ ಉಳಿಸಲ್ಲ, ಕೆಂಡ ಉಳಿದ್ರೆ ಮುಂದಿನ ಚೀಲದ ಕಥೆ ಗೊತ್ತಲ್ಲ. ಬಾಗಿಲು ಮುಚ್ಚಿ, ಮೂತಿ ಎತ್ತಿ, ಹಾರಿಸಿ, ಒಳಗಿನ ಗ್ಯಾಸನ್ನ ಗಾಳಿ ಊದಿ ಹೊರಗೆ ಹಾಕಿ ಮತ್ತೆ ಶುರು, ಎಲ್ಲ ಅರ್ಧ ನಿಮಿಷದಲ್ಲಿ. 1989ರಲ್ಲಿ ಇದೇ ಅಯೋವಾದ ಎರಡನೇ ಟರೆಟ್‌ನಲ್ಲಿ ಮದ್ದು ತುಂಬೋ ಹೊತ್ತಲ್ಲಿ ಸ್ಫೋಟ ಆಗಿ 47 ನಾವಿಕರು ಸತ್ತರು.

ಎರಡು ಮಹಾಯುದ್ಧಗಳ ನಡುವೆ ದೊಡ್ಡ ನೌಕಾಪಡೆ ಇದ್ದ ದೇಶಗಳ ಒಂದು ಒಪ್ಪಂದ ಬಂತು, 1922ರ ವಾಷಿಂಗ್ಟನ್ ಒಪ್ಪಂದ, 16 ಇಂಚಿಗಿಂತ ದೊಡ್ಡ ತೋಪು ಹಡಗಲ್ಲಿ ಇಡಬಾರ್ದು ಅಂತ. ಜಪಾನ್ ಆಮೇಲೆ ಆ ವ್ಯವಸ್ಥೆಯಿಂದ ಹೊರಗೆ ಬಂದು ಗುಟ್ಟಾಗಿ 46 ಸೆಂಟಿಮೀಟರ್ ತೋಪು ಮಾಡ್ತು, ಕಾಗದದ ಮೇಲೆ 40 ಸೆಂಟಿಮೀಟರ್ ಅಂತ ಬರೆದು. ಗುಂಡಿನ ತೂಕ 1460 ಕಿಲೋ, ಅಂಥ ಒಂಬತ್ತು ತೋಪು ಯಮಾಟೊ ಮೇಲೆ, ದೂರ ಅಳೆಯೋಕೆ 15 ಮೀಟರ್ ಅಗಲದ ದುರ್ಬೀನು ಯಂತ್ರ.

ಆದ್ರೆ ಇಲ್ಲೂ ಅದೇ ಕಥೆ. ಸಮುದ್ರ ಮಟ್ಟದಿಂದ 30 ಮೀಟರ್ ಎತ್ತರದಲ್ಲಿ ನಿಂತವನಿಗೆ ಬಾನಂಚು ಕಾಣೋದು ಸುಮಾರು 20 ಕಿಲೋಮೀಟರ್‌ಗೆ, ಅದರಾಚೆ ಇರೋ ಹಡಗಿನ ಕಂಬ ಮೇಲ್ಭಾಗ ಕಾಣ್ಬಹುದು ಅಷ್ಟೇ, ಅದೂ ಹವಾ ಚೆನ್ನಾಗಿದ್ರೆ. ಓಡೋ ಹಡಗಿಂದ ಓಡೋ ಹಡಗಿಗೆ ಅತಿ ದೂರದಿಂದ ತಾಗಿದ ಏಟುಗಳು ಅಂತ ಹೇಳೋ ಎರಡೂ 1940ರವು, ಜೂನ್‌ನಲ್ಲಿ ಜರ್ಮನಿಯ ಶಾರ್ನ್‌ಹೋರ್ಸ್ಟ್ ಬ್ರಿಟಿಷರ ಗ್ಲೋರಿಯಸ್‌ಗೆ ಹೊಡೆದಿದ್ದು, ಜುಲೈನಲ್ಲಿ ಬ್ರಿಟಿಷರ ವಾರ್‌ಸ್ಪೈಟ್ ಇಟಲಿಯ ಜೂಲಿಯೊ ಚೆಸಾರೆಗೆ ಹೊಡೆದಿದ್ದು. ಎರಡೂ 24 ಕಿಲೋಮೀಟರ್ ಸುಮಾರು. 42ಕ್ಕೆ 24, ಅಂತರ ನೋಡಿ!

ರೇಡಾರ್ ಬಂದ್ಮೇಲೆ ಕತ್ತಲೆ ಅನ್ನೋ ಸಮಸ್ಯೆ ಹೋಯ್ತು. 1944ರ ಅಕ್ಟೋಬರ್ 25ರ ರಾತ್ರಿ ಫಿಲಿಪೀನ್ಸ್‌ನ ಸುರಿಗಾವ್ ಜಲಸಂಧೀಲಿ ಅಮೆರಿಕದ ವೆಸ್ಟ್ ವರ್ಜೀನಿಯಾ ಸುಮಾರು 21 ಕಿಲೋಮೀಟರ್ ದೂರದ, ಕಣ್ಣಿಗೆ ಕಾಣದ ಜಪಾನಿ ಹಡಗಿಗೆ ರೇಡಾರ್ ನೋಡ್ಕೊಂಡು ಹೊಡೆದು ಮೊದಲ ಸುತ್ತಲ್ಲೇ ತಾಗಿಸ್ತು. ಬ್ಯಾಟಲ್‌ಶಿಪ್ಪಿಗೆ ಬ್ಯಾಟಲ್‌ಶಿಪ್, ಅಂದ್ರೆ ದಪ್ಪ ಕವಚ ದೊಡ್ಡ ತೋಪಿನ ಹಡಗಿಗೆ ಅಂಥದ್ದೇ ಹಡಗು, ಎದುರಾಗಿದ್ದು ಅದೇ ಕೊನೆ. ಅದೇ ದಿನ ಬೆಳಗ್ಗೆ ಸಮಾರ್ ದ್ವೀಪದ ಹತ್ರ ಯಮಾಟೊ ತನ್ನ ದೊಡ್ಡ ತೋಪುಗಳನ್ನ ಶತ್ರು ಹಡಗುಗಳ ಮೇಲೆ ಹಾರಿಸ್ತು, ಮೂವತ್ತು ಕಿಲೋಮೀಟರ್‌ಗೂ ಹೆಚ್ಚು ದೂರದಿಂದ, ಗುಂಡಿಗೆ ಬಣ್ಣ ಹಾಕಿದ್ರು, ಯಾವ ಹಡಗಿನ ಗುಂಡು ಎಲ್ಲಿ ಬಿತ್ತು ಅಂತ ಗುರುತು ಸಿಗ್ಲಿ ಅಂತ, ಹಂಗಾಗಿ ಸಮುದ್ರದಲ್ಲಿ ಬಣ್ಣ ಬಣ್ಣದ ನೀರಿನ ಕಂಬಗಳು ಎದ್ದು ನಿಂತ್ವು. ಹಡಗುಗಳ ಮೇಲೆ ಆ ತೋಪು ಹಾರಿಸೋ ಅವಕಾಶ ಅದಕ್ಕೆ ಸಿಕ್ಕಿದ್ದು ಅದೊಂದೇ ಸಲ. 1945ರ ಏಪ್ರಿಲ್ 7ರಂದು ವಿಮಾನಗಳು ಬಂದು ಬಾಂಬು ಟಾರ್ಪಿಡೊ ಹಾಕಿ ಯಮಾಟೊವನ್ನ ಮುಳುಗಿಸಿದ್ವು. ಆ ವಿಮಾನಗಳನ್ನ ಕಳಿಸಿದ ಹಡಗುಗಳು ಇದ್ದಿದ್ದು ನೂರಾರು ಕಿಲೋಮೀಟರ್ ಆಚೆ.

ಆಮೇಲೆ ಕ್ಷಿಪಣಿ ಬಂತು, ಹೆಚ್ಚೇನೂ ಹೇಳೋಕಿಲ್ಲ. ಅಯೋವಾ ಜಾತಿಯ ಹಡಗುಗಳು ಕೊರಿಯಾ, ವಿಯೆಟ್ನಾಂ ಅಂತ ದಡದ ಮೇಲೆ ಹೊಡೀತಾ ಉಳ್ಕೊಂಡ್ವು. 1991ರ ಕೊಲ್ಲಿ ಯುದ್ಧದಲ್ಲಿ ಗುಂಡು ಎಲ್ಲಿ ಬಿತ್ತು ಅಂತ ನೋಡೋಕೆ ವಿಸ್ಕಾನ್ಸಿನ್ ಮತ್ತೆ ಮಿಸೌರಿ ಸಣ್ಣ ಡ್ರೋನ್‌ಗಳನ್ನ ಹಾರಿಸ್ತಿದ್ವು. ಕುವೈತ್‌ನ ಫೈಲಕಾ ದ್ವೀಪದಲ್ಲಿದ್ದ ಇರಾಕಿ ಸೈನಿಕರಿಗೆ ಅದರ ಸದ್ದು ಕೇಳಿದ್ರೆ ಮುಂದೇನು ಬರುತ್ತೆ ಅಂತ ಗೊತ್ತಿತ್ತು, ಡ್ರೋನ್ ಮೇಲೆ ಬಂದಿದ್ದೇ ಬಿಳಿ ಬಟ್ಟೆ ಬೀಸಿ ಆ ಡ್ರೋನ್‌ಗೇ ಶರಣಾದ್ರು.

ಈಗಿನ ಯುದ್ಧನೌಕೆ ಮೇಲೆ ಇರೋದು ಹೆಚ್ಚಾಗಿ ಒಂದೇ ತೋಪು, 76 ಮಿಲಿಮೀಟರ್‌ದೋ 5 ಇಂಚಿಂದೋ. ಸೈಜು ಸಣ್ಣದು, ಆದ್ರೆ ಇಟಲಿಯ 76 ಮಿಲಿಮೀಟರ್ ತೋಪು ನಿಮಿಷಕ್ಕೆ 120 ಗುಂಡು ಹಾರಿಸುತ್ತೆ, ಟರೆಟ್ ಒಳಗೆ ಒಬ್ಬರೂ ಇರಲ್ಲ. ದೊಡ್ಡ ದೂರದ ಆಸೆ ಹೋಗಿಲ್ಲ ಅನ್ನಿ, ಅಮೆರಿಕದವರು ಜುಮ್‌ವಾಲ್ಟ್ ಹಡಗಿಗೆ ನೂರು ಕಿಲೋಮೀಟರ್ ದಾಟೋ 155 ಮಿಲಿಮೀಟರ್ ತೋಪು ಮಾಡಿದ್ರು, ಹಡಗುಗಳ ಸಂಖ್ಯೆ ಮೂರಕ್ಕೆ ಇಳಿದಿದ್ದೇ ಒಂದೊಂದು ಗುಂಡಿನ ಬೆಲೆ ಎಂಟು ಲಕ್ಷ ಡಾಲರ್ ಹತ್ರ ಹೋಯ್ತು, 2016ರಲ್ಲಿ ಗುಂಡು ಕೊಳ್ಳೋದನ್ನೇ ಕೈಬಿಟ್ರು. ತೋಪು ಇದೆ ಗುಂಡಿಲ್ಲ! ಆ ತೋಪುಗಳನ್ನ ಕಿತ್ತು ಆ ಜಾಗದಲ್ಲಿ ಕ್ಷಿಪಣಿ ಕೂರಿಸೋ ಕೆಲಸ ಆಮೇಲೆ ಶುರುವಾಯ್ತು. ಮದ್ದೇ ಇಲ್ಲದೆ ಕರೆಂಟಿನಿಂದ ಗುಂಡು ತಳ್ಳೋ ರೈಲ್‌ಗನ್ ಕೆಲಸಾನೂ 2021ರಲ್ಲಿ ಅಮೆರಿಕ ನಿಲ್ಲಿಸ್ತು, ಗುಂಡು ಜಾರಿಕೊಂಡು ಹೋಗೋ ಹಳಿ ಬೇಗ ಸವೆಯೋದು ಅದಕ್ಕಿದ್ದ ದೊಡ್ಡ ತಲೆನೋವುಗಳಲ್ಲಿ ಒಂದು. ಜಪಾನ್ ಮಾತ್ರ ಬಿಟ್ಟಿಲ್ಲ, 2023ರಲ್ಲಿ ಅಸುಕಾ ಅನ್ನೋ ಹಡಗಿಂದ ಸಮುದ್ರದಲ್ಲೇ ರೈಲ್‌ಗನ್ ಹಾರಿಸಿ ನೋಡಿದ್ದಾರೆ. ನಮಸ್ಕಾರ.