ಮೊದಲ ಕಲ್ಲು ಬಿದ್ದ ಮೇಲೆ

ಕೇಳುಗರಿಗೆ ನಮಸ್ಕಾರ.

1965ರ ಜನವರಿ 9ರ ಮುಂಜಾನೆ, ಕೆನಡಾದ ಬ್ರಿಟಿಷ್ ಕೊಲಂಬಿಯಾದಲ್ಲಿ, ಹೋಪ್‌ನಿಂದ ಪ್ರಿನ್ಸ್‌ಟನ್‌ಗೆ ಹೋಗುವ ಬೆಟ್ಟದ ಹೆದ್ದಾರಿಗೆ ಸಣ್ಣದೊಂದು ಹಿಮಕುಸಿತ ಅಡ್ಡ ಬಿತ್ತು. ಬಂದ ವಾಹನಗಳು ಅಲ್ಲೇ ನಿಂತವು. ಆಮೇಲೆ ಬೆಟ್ಟದ ಮಗ್ಗುಲೇ ಕಳಚಿತು. ಸುಮಾರು 4.7 ಕೋಟಿ ಘನ ಮೀಟರ್ ಕಲ್ಲುಮಣ್ಣು ಕಣಿವೆಗೆ ಇಳಿದು ನಾಲ್ವರನ್ನು ಹೂತುಹಾಕಿತು. ಇಬ್ಬರ ದೇಹ ಸಿಗಲೇ ಇಲ್ಲ.

ಅಷ್ಟು ದೊಡ್ಡ ಕುಸಿತ ಅಪರೂಪ. ಮೊದಲ ಕುಸಿತದ ಎದುರು ಸಾಲುಗಟ್ಟಿ ನಿಲ್ಲುವ ಅಭ್ಯಾಸ ಮಾತ್ರ ಅಪರೂಪವಲ್ಲ. ಒಮ್ಮೆ ಜಾರಿದ ಗುಡ್ಡ ಇನ್ನು ಜಾರಲಾರದು ಎಂದುಕೊಳ್ಳುತ್ತಾರೆ. ಆಗುವುದು ಬಹಳ ಸಲ ತಿರುಗಾಮುರುಗಾ. ಕೆಳಗಿನ ಮಣ್ಣು ಹೋದ ಮೇಲೆ ಮೇಲಿನದಕ್ಕೆ ಬುಡದ ಆಸರೆ ಇಲ್ಲ. ಹೊಸದಾಗಿ ತೆರೆದುಕೊಂಡ ಮೈಗೆ ಹುಲ್ಲಿನ, ಬೇರಿನ ಹಿಡಿತವೂ ಇಲ್ಲ.

ಮಳೆಯ ಪಾತ್ರ ಬರೀ ನೀರಿನ ಭಾರ ಹೇರುವುದಲ್ಲ. ಮಣ್ಣಿನ ಕಣಗಳ ನಡುವೆ ನೀರು ತುಂಬಿ ಒತ್ತಡ ಏರಿದಂತೆ ಕಣಕ್ಕೂ ಕಣಕ್ಕೂ ಇದ್ದ ಬಿಗಿ ಸಡಿಲಾಗುತ್ತದೆ. ನೀರು ಆಳಕ್ಕಿಳಿಯಲು ಹೊತ್ತು ಬೇಕು. ಹಾಗಾಗಿಯೇ ಮಳೆ ನಿಂತು ಬಿಸಿಲು ಬಿದ್ದ ಮೇಲೂ, ಎಷ್ಟೋ ಗಂಟೆ, ಕೆಲವೊಮ್ಮೆ ದಿನಗಳ ನಂತರವೂ ಧರೆ ಕುಸಿಯುತ್ತದೆ. ಬಂಡೆಯ ಲೆಕ್ಕ ಬೇರೆ. ಸೀಳಿನಲ್ಲಿ ನಿಂತ ನೀರು ಹೆಪ್ಪುಗಟ್ಟುವಾಗ ಶೇ. 9ರಷ್ಟು ಹಿಗ್ಗಿ ಬೆಣೆ ಹೊಡೆದಂತೆ ಸೀಳನ್ನು ಅಗಲಿಸುತ್ತದೆ. ಚಳಿ ಇಲ್ಲದ ಕಡೆ ಆ ಕೆಲಸಕ್ಕೆ ಮರದ ಬೇರು ಸಾಕು.

ನೆಟ್ಟಗೆ ನಿಂತ ಧರೆಯನ್ನು ಕಂಡರೆ ಎಲ್ಲರಿಗೂ ಹೆದರಿಕೆ. ಆದರೆ ಅಲ್ಲಿಂದ ಕಳಚಿದ ಕಲ್ಲು ಹೆಚ್ಚಾಗಿ ಬುಡದಲ್ಲೇ ಬೀಳುತ್ತದೆ. ಸುಮಾರು 45ರಿಂದ 75 ಡಿಗ್ರಿ ಇಳಿಜಾರಿನಲ್ಲಿ ಅದು ಪುಟಿಯುತ್ತದೆ, ಪುಟಿದು ರಸ್ತೆಯ ನಡುವಿಗೇ ಹಾರುತ್ತದೆ. ಅಗಲ, ಉದ್ದ, ಎತ್ತರ ತಲಾ 20 ಸೆಂಟಿಮೀಟರ್ ಇರುವ ಕಲ್ಲು ಸುಮಾರು 21 ಕಿಲೋ ತೂಗುತ್ತದೆ. 30 ಮೀಟರ್ ಎತ್ತರದಿಂದ ನೇರವಾಗಿ ಬಿದ್ದರೆ ನೆಲ ಮುಟ್ಟುವಾಗ ಅದರ ವೇಗ ಗಂಟೆಗೆ 85 ಕಿಲೋಮೀಟರ್ ದಾಟಿರುತ್ತದೆ. ಕಾರಿನ ತಗಡಿನ ಛಾವಣಿ ಯಾವ ಲೆಕ್ಕ?

ಧರೆಯ ಬುಡದ ಅಗಲ ಚರಂಡಿ ಇರುವುದು ನೀರಿಗಷ್ಟೇ ಅಲ್ಲ, ಇಂಥ ಕಲ್ಲು ಹಿಡಿಯುವುದಕ್ಕೂ ಹೌದು. ಅದನ್ನು ಖಾಲಿ ಮಾಡದೆ ಬಿಟ್ಟರೆ ತುಂಬಿದ ಮಣ್ಣೇ ಇಳಿಜಾರಾಗಿ, ಬಿದ್ದ ಕಲ್ಲನ್ನು ರಸ್ತೆಗೆ ದಾಟಿಸುತ್ತದೆ. ತಡೆಗೋಡೆಯಲ್ಲೂ ಇದೇ ಕಥೆ. ಗೋಡೆಯ ತೂತುಗಳಿಂದ ಮಳೆಗಾಲದಲ್ಲಿ ನೀರು ಸುರಿಯುತ್ತಿರಬೇಕು. ಸುರಿಯುತ್ತಿದ್ದ ತೂತು ಮಳೆಯ ನಡುವೆ ಒಣಗಿದರೆ ಅದು ಕಟ್ಟಿಕೊಂಡಿರಬಹುದು. ನೀರೆಲ್ಲ ಗೋಡೆಯ ಹಿಂದೆ ನಿಂತು ಅದನ್ನು ದೂಡುತ್ತಿರುತ್ತದೆ. ಗೋಡೆ ಉಬ್ಬಿದ್ದರಂತೂ ಅನುಮಾನವೇ ಬೇಡ.

ರಸ್ತೆ ತಾನೇ ಕೆಲವು ಸುದ್ದಿ ಹೇಳುತ್ತದೆ. ಟಾರಿನ ಮೇಲೆ ಬೊಗಸೆಯಷ್ಟು ಅಗಲದ ಕುಳಿ, ಅದರ ಅಂಚಿನಲ್ಲಿ ಬಿಳಿಚಿದ ಕಲ್ಲಿನ ಪುಡಿ ಕಂಡಿತೆನ್ನಿ: ಕಲ್ಲು ಬಿದ್ದು ಹೆಚ್ಚು ಹೊತ್ತಾಗಿಲ್ಲ, ಮಳೆ ಇನ್ನೂ ಪುಡಿಯನ್ನು ತೊಳೆದಿಲ್ಲ. ಕಣಿವೆ ಕಡೆಯ ಅಂಚಿಗೆ ಸಮಾನಾಂತರವಾಗಿ, ಬಿಲ್ಲಿನಂತೆ ಬಾಗಿದ ಬಿರುಕಿದ್ದು ಅದರ ಹೊರಭಾಗ ಒಂದೆರಡು ಬೆರಳಷ್ಟು ತಗ್ಗಿದ್ದರೆ ರಸ್ತೆಯೇ ಜಾರಲು ಹೊರಟಿದೆ. ಬಿರುಕಿನ ಎರಡೂ ಬದಿ ಒಂದೊಂದು ಮೊಳೆ ಹೊಡೆದು ನಡುವಿನ ಅಂತರ ಅಳೆದು ಬರೆದಿಟ್ಟರೆ ಅದು ಬೆಳೆಯುತ್ತಿದೆಯೇ ಎಂಬುದು ತಿಳಿಯುತ್ತದೆ. ತಿಳಿ ನೀರಿನ ತೊರೆ ದಿಢೀರನೆ ಕೆಂಪಾದರೆ, ಇಲ್ಲವೇ ಸುರಿವ ಮಳೆಯಲ್ಲೂ ಹರಿವು ನಿಂತರೆ ಮೇಲೆಲ್ಲೋ ಕುಸಿತ ನೀರಿಗೆ ಅಡ್ಡ ಕಟ್ಟಿರಬಹುದು. ಆ ಕಟ್ಟೆ ಒಡೆದಾಗ ಬರುವುದು ಬರೀ ನೀರಲ್ಲ.

ಜೋರು ಮಳೆಯಲ್ಲಿ ಘಾಟಿ ಇಳಿಯುವಾಗ ಕಿಟಕಿ ಎರಡು ಬೆರಳು ತೆರೆದಿಡಿ. ಕಲ್ಲುಗಳು ಒಂದಕ್ಕೊಂದು ತಾಗುವ ಸದ್ದು, ಮರ ಮುರಿಯುವ ಸದ್ದು ಕಣ್ಣಿಗಿಂತ ಮೊದಲು ಕಿವಿಗೆ ಸಿಗಬಹುದು. ಆ ಹೊತ್ತಿನಲ್ಲಿ ರೇಡಿಯೋ ಬೇಡ. ಬಾನುಲಿಯಲ್ಲೇ ಕೂತು ಹೇಳುತ್ತಿದ್ದೇನೆ, ನಿಜ.

ಮುಂದೆ ದಾರಿ ಮುಚ್ಚಿದ್ದರೆ ಹಿಂದಕ್ಕೆ ಸರಿಯಿರಿ. ಗುಡ್ಡ ಒಳಕ್ಕೆ ಮಡಿಚಿದ ತಿರುವಿನಲ್ಲಿ, ಮೋರಿಯ ಮೇಲೆ, ಹಸಿ ಧರೆಯ ಕೆಳಗೆ ನಿಲ್ಲಬೇಡಿ. ನೀರೂ ಮಣ್ಣೂ ಇಳಿಯುವ ದಾರಿ ಅದೇ. ಗುಡ್ಡ ಹೊರಕ್ಕೆ ಚಾಚಿದ, ಮೇಲೆ ಧರೆ ಇಲ್ಲದ ತಾವು ವಾಸಿ. ಮುಂದಿನ ವಾಹನಕ್ಕೆ ಅಂಟಿಕೊಂಡು ನಿಂತರೆ ತಿರುಗಿಸಲು ಜಾಗವಿರದು. ಮಣ್ಣಿನ ಗುಡ್ಡೆ ಬಳಸಿ ಕಣಿವೆಯ ಅಂಚಿನಲ್ಲಿ ನುಸುಳುವ ಸಾಹಸವಂತೂ ಬೇಡ. ನೀರು ಕುಡಿದ ಅಂಚು ಸೈಕಲ್ಲಿನ ಭಾರ ತಡೆದೀತು, ಲಾರಿಯದ್ದನ್ನಲ್ಲ.

ತೆರವಿನಲ್ಲಿ ಆಗುವ ತಪ್ಪು ಒಂದೇ ಬಗೆಯದು. ಜೆಸಿಬಿ ಬಂದ ಕೂಡಲೇ ಗುಡ್ಡೆಯ ಬುಡಕ್ಕೆ ಬಕೆಟ್ ಹಾಕುತ್ತದೆ, ಬುಡ ತೆಗೆದಷ್ಟೂ ಮೇಲಿನದು ಇಳಿಯುತ್ತದೆ. ತಜ್ಞರು ಮೊದಲು ಮೇಲಿನ ಬಿರುಕು ನೋಡಬೇಕು, ಸಡಿಲ ಕಲ್ಲುಗಳನ್ನು ಮೇಲಿನಿಂದ ಹಾರೆ ಹಾಕಿ ಉರುಳಿಸಬೇಕು, ಆಮೇಲೆ ಯಂತ್ರ. ಅಷ್ಟೂ ಹೊತ್ತು ಗುಡ್ಡದ ಮೇಲೆ ಕಣ್ಣಿಟ್ಟು ಸೀಟಿ ಹಿಡಿದ ಒಬ್ಬ ದೂರದಲ್ಲಿ ನಿಂತಿರಬೇಕು. ಅವನ ಕೈಗೆ ಗುದ್ದಲಿ ಕೊಡಬಾರದು.

ನಮಸ್ಕಾರ.